ಫ್ರಿಜ್ ಇಲ್ಲದೆ ಮೀನು ಕೆಡದಂಗೆ ಇಡೋದು, ಇಟ್ಟಿದ್ದನ್ನ ಬೇಯಿಸೋದು: ಉಪ್ಪು, ಗಾಳಿ, ಹೊಗೆಯ ಸಮಗ್ರ ಮಾರ್ಗದರ್ಶಿ

ಒಂದು ದಿನ ಬಲೆಗೆ ನೂರು ಕೆಜಿ ಬೀಳತ್ತೆ, ಆಮೇಲೆ ಎರಡು ವಾರ ಏನೂ ಇಲ್ಲ, ಮೀನಿನ ಲೆಕ್ಕ ಯಾವಾಗ್ಲೂ ಹಿಂಗೇನೇ. ಕರೆಂಟ್ ನಂಬ್ಕೊಳ್ದೆ ತಮ್ಮ ಊಟ ತಾವೇ ಮಾಡ್ಕೊಳ್ಳೋ ಹತ್ತಿಪ್ಪತ್ತು ಮನೆಗಳ ಗುಂಪಿಗೆ ಮೀನು ಹಿಡಿಯೋದು ದೊಡ್ಡ ಸಮಸ್ಯೆ ಅಲ್ಲ, ಆ ಒಂದು ದಿನದ ಮೀನನ್ನ ಆರು ತಿಂಗಳು ತಿನ್ನೋ ಹಂಗೆ ಇಡೋದೇ ಸಮಸ್ಯೆ. ತುಂಬಾ ಜನ "ಉಪ್ಪು ಹಾಕಿ ಬಿಸಿಲಿಗೆ ಇಟ್ರಾಯ್ತು" ಅಂತಾರೆ, ಅಷ್ಟು ಸುಲಭ ಆಗಿದ್ರೆ ಇಷ್ಟುದ್ದ ಬರೆಯೋ ಅಗತ್ಯನೇ ಇರ್ತಿರ್ಲಿಲ್ಲ. ಯಾವ ವಿಧಾನ ಅನ್ನೋದನ್ನ ನೀವು ಆರಿಸೋದಲ್ಲ, ಮೀನಿನ ಕೊಬ್ಬು ಮತ್ತೆ ಅವತ್ತಿನ ಹವೆ ಎರಡೂ ಸೇರಿ ಆರಿಸತ್ತೆ, ಅದನ್ನ ಒಪ್ಕೊಂಡ್ರೆ ಅರ್ಧ ಕೆಲಸ ಮುಗೀತು.

ಮೊದಲು ಮೀನು ಯಾಕೆ ಕೆಡತ್ತೆ ಅಂತ

ಮೀನಿನ ತೂಕದಲ್ಲಿ ನೂರಕ್ಕೆ 70ರಿಂದ 80 ಭಾಗ ನೀರು. ಸತ್ತ ತಕ್ಷಣ ಅದರ ಹೊಟ್ಟೆಯಲ್ಲಿರೋ ಜೀರ್ಣರಸ ಅದರ ಮಾಂಸನೇ ಕರಗಿಸೋಕೆ ಶುರು ಮಾಡತ್ತೆ, ಕಿವಿರು ಕರುಳಲ್ಲಿರೋ ಬ್ಯಾಕ್ಟೀರಿಯಾ ಒಳಗೆ ಹರಡತ್ತೆ, ಕೊಬ್ಬಿಗೆ ಗಾಳಿ ತಾಗಿ ಕಮಟು ವಾಸನೆ ಹಿಡಿಯತ್ತೆ. ಮೊದಲಿನ ಎರಡಕ್ಕೂ ನೀರು ಬೇಕೇ ಬೇಕು, ಅದಕ್ಕೇ ಉಪ್ಪು, ಒಣಗಿಸೋದು, ಹೊಗೆ ಎಲ್ಲ ಕೊನೆಗೆ ನೀರು ಕಿತ್ಕೊಳ್ಳೋ ಕೆಲಸಾನೇ. ಮೂರನೇದಕ್ಕೆ ಗಾಳಿ ಸಾಕು, ನೀರು ತೆಗೆದ್ರೂ ನಿಲ್ಲಲ್ಲ. ಹಂಗಾಗಿ ಕೊಬ್ಬಿರೋ ಮೀನಿಗೂ (ಬೂತಾಯಿ, ಬಂಗುಡೆ, ಹೆರಿಂಗ್, ಸಾಲ್ಮನ್) ಕೊಬ್ಬಿಲ್ಲದ ಬಿಳಿ ಮಾಂಸದ ಮೀನಿಗೂ (ತಣ್ಣನೆ ಸಮುದ್ರದ ಕಾಡ್ ಅನ್ನೋ ಮೀನಿನ ತರದ್ದು) ಒಂದೇ ದಾರಿ ಅಂತ ಹೋದ್ರೆ ಕೈ ಸುಡತ್ತೆ. ಕೊಬ್ಬಿಲ್ಲದ್ದು ಗಾಳಿಗೆ, ಕೊಬ್ಬಿರೋದು ಉಪ್ಪುನೀರಿಗೆ ಇಲ್ಲಾ ಹೊಗೆಗೆ, ಇದಿಷ್ಟು ತಲೇಲಿ ಇಟ್ಕೊಳ್ಳಿ.

ಹಂತ 1: ಹಿಡಿದ ಮೊದಲ ಒಂದು ಗಂಟೆ

ಎಲ್ಲ ತೀರ್ಮಾನ ಆಗೋದು ಇಲ್ಲೇ. ಮೀನನ್ನ ಒದ್ದಾಡಿ ಸಾಯೋಕೆ ಬಿಡ್ಬೇಡಿ, ತಲೆ ಮೇಲೆ ಒಂದೇಟು ಕೊಟ್ಟು ಕಿವಿರಿನ ಹತ್ರ ಕೊಯ್ದು ತಣ್ಣೀರಲ್ಲಿ ಹತ್ತು ನಿಮಿಷ ಇಟ್ಟು ರಕ್ತ ಹೋಗೋಕೆ ಬಿಡಿ, ಮಾಂಸ ಬೆಳ್ಳಗೂ ಇರತ್ತೆ, ಬಾಳಿಕೆನೂ ಬರತ್ತೆ. ಆಮೇಲೆ ನೆರಳು, ಒದ್ದೆ ಗೋಣಿಚೀಲ ಅಥವಾ ದೊಡ್ಡ ಹಸಿ ಎಲೆ ಮುಚ್ಚಿಗೆ. ದೋಣಿ ತಳದಲ್ಲಿ ಬಿಸಿಲಿಗೆ ಬಿದ್ದಿರೋ ಮೀನಿಗೆ ಆಮೇಲೆ ಎಷ್ಟು ಉಪ್ಪು ಸುರಿದ್ರೂ ಅದು ಕೆಟ್ಟ ಮೀನಿನ ಉಪ್ಪಿನಕಾಯಿ ಅಷ್ಟೇ.

ಬಂಗುಡೆ, ಬೂತಾಯಿ, ಟ್ಯೂನಾ ಜಾತಿಗಳಿಗೆ ಇನ್ನೂ ಅವಸರ. ಇವುಗಳ ಮಾಂಸದಲ್ಲಿರೋ ಹಿಸ್ಟಿಡಿನ್ ಅನ್ನೋದನ್ನ ಬ್ಯಾಕ್ಟೀರಿಯಾ ಹಿಸ್ಟಮಿನ್ ಮಾಡಿಬಿಡತ್ತೆ, ಸೆಕೆ ಇದ್ರೆ ಕೆಲವೇ ಗಂಟೆ ಸಾಕು. ತಿಂದ ಸ್ವಲ್ಪ ಹೊತ್ತಿಗೇ ಮುಖ ಕೆಂಪಾಗಿ ತಲೆನೋವು, ಮೈ ತುರಿಕೆ, ವಾಂತಿ. ಕೆಟ್ಟ ವಾಸನೆ ಬರ್ಲೇಬೇಕು ಅಂತಿಲ್ಲ, ಮತ್ತೆ ಕುದಿಸಿದ್ರೂ ಹುರಿದ್ರೂ ಹೊಗೆ ಹಾಕಿದ್ರೂ ಈ ಹಿಸ್ಟಮಿನ್ ಹೋಗಲ್ಲ. ನಾಲಿಗೆ ಮೇಲೆ ಮೆಣಸಿನ ತರ ಚುರ್ ಅಂದ್ರೆ ಉಗಿದುಬಿಡಿ. ಅದಕ್ಕೇ ರಾಶಿ ಮೀನು ಬಂದಾಗ ಮೊದಲು ಕೈ ಹಾಕ್ಬೇಕಾಗಿರೋದು ಈ ಜಾತಿಗೇನೇ, ಬಿಳಿ ಮೀನು ಸ್ವಲ್ಪ ಕಾಯತ್ತೆ.

ಇನ್ನು ಗುರುತಿಲ್ಲದ ಮೀನು ಬಲೆಗೆ ಬಂದ್ರೆ ಆಸೆ ಬೇಡ. ಗಾಳಿ ತುಂಬ್ಕೊಂಡು ಚೆಂಡಾಗೋ ಪಫರ್ ಮೀನಿನ ವಿಷ ಬೇಯಿಸಿದ್ರೂ ಹೋಗೋದಲ್ಲ.

ಹಂತ 2: ಕೊಯ್ಯೋದು, ತೊಳೆಯೋದು

ಅಂಗೈಗಿಂತ ಚಿಕ್ಕದಾದ್ರೆ ಹೊಟ್ಟೆ ಕ್ಲೀನ್ ಮಾಡಿ ಇಡಿಯಾಗೇ ಇಡಿ. ದೊಡ್ಡದಾದ್ರೆ ಬೆನ್ನಿಂದಾನೋ ಹೊಟ್ಟೆಯಿಂದಾನೋ ಸೀಳಿ ಪುಸ್ತಕ ತೆರೆದ ಹಾಗೆ ಬಿಡಿಸಿ, ನಡುಮುಳ್ಳಿನ ಮುಕ್ಕಾಲು ಭಾಗ ತೆಗೀರಿ, ಬಾಲದ ಹತ್ರ ಸ್ವಲ್ಪ ಬಿಟ್ರೆ ನೇತುಹಾಕೋಕೆ ಗಟ್ಟಿ ಇರತ್ತೆ. ದಪ್ಪ ಮಾಂಸಕ್ಕೆ ಎರಡು ಬೆರಳಿಗೊಂದರ ಹಾಗೆ ಉದ್ದಕ್ಕೆ ಗೀರು ಹಾಕಿ, ಚರ್ಮ ಮಾತ್ರ ತುಂಡಾಗ್ಬಾರ್ದು.

ಎಲ್ರೂ ಬಿಟ್ಟುಬಿಡೋ ಒಂದು ಕೆಲಸ ಇದೆ. ನಡುಮುಳ್ಳಿನ ಕೆಳಗೆ ಕಪ್ಪು ಕೆಂಪು ರಕ್ತದ ಒಂದು ಗೆರೆ ಇರತ್ತಲ್ಲ, ಉಗುರಿಂದಾನೋ ಚಮಚದ ತುದಿಯಿಂದಾನೋ ಅದನ್ನ ಪೂರ್ತಿ ಕೆರೆದು ತೆಗೀಬೇಕು, ಒಣಮೀನು ಒಳಗಿಂದ ಕೊಳೆಯೋಕೆ ಶುರುವಾಗೋ ಜಾಗ ಅದೇ. ಹೊಟ್ಟೆಯೊಳಗಿನ ಕಪ್ಪು ಪೊರೆ ಕೂಡ ಉಜ್ಜಿ ತೆಗೆದ್ರೆ ಕಹಿ ಇರಲ್ಲ. ಪಿತ್ತದ ಚೀಲ ಒಡೆದ್ರೆ ಆ ಭಾಗ ತಕ್ಷಣ ತೊಳೀರಿ. ಆಮೇಲೆ ಲೀಟರಿಗೆ 30 ಗ್ರಾಂ ಉಪ್ಪು ಹಾಕಿದ ತಣ್ಣೀರಲ್ಲಿ ಅರ್ಧ ಗಂಟೆ ನೆನೆಸಿದ್ರೆ ಉಳಿದ ರಕ್ತ ಬಿಟ್ಕೊಳ್ಳತ್ತೆ.

ತಲೆ, ಮುಳ್ಳು ಬಿಸಾಡ್ಬೇಡಿ, ಅದು ಅವತ್ತಿನ ಸಾರಿಗೆ. ಕರುಳು ಗೊಬ್ಬರದ ಗುಂಡಿಗೆ, ಮೇಲೆ ಒಂದಡಿ ಮಣ್ಣು ಬೀಳ್ಲೇಬೇಕು, ಇಲ್ದಿದ್ರೆ ಒಣಗಿಸೋ ಜಾಗಕ್ಕೆ ನೊಣಗಳನ್ನ ನೀವೇ ಕರೆದ ಹಾಗೆ.

ಹಂತ 3: ಉಪ್ಪು, ತೂಕ ಮಾಡಿ

ಕ್ಲೀನ್ ಮಾಡಿದ ಮೀನು 10 ಕೆಜಿ ಇದ್ರೆ ಉಪ್ಪು 3 ಕೆಜಿ. ಕಣ್ಣಂದಾಜಲ್ಲಿ ಹಾಕೋರ ಮೀನೇ ಕೆಡೋದು, ಒಂದು ತಕ್ಕಡಿ ಇಟ್ಕೊಳ್ಳಿ, ತೂಕದ ಕಲ್ಲಿಲ್ಲಾಂದ್ರೂ ಪರವಾಗಿಲ್ಲ, ಮೂರು ತಕ್ಕಡಿ ಮೀನಿಗೆ ಒಂದು ತಕ್ಕಡಿ ಉಪ್ಪು ಅಂತ ಹೋದ್ರೆ ಸೇಫ್. ಹಂಗಾಗಿ ಮೀನಿನ ಸೀಸನ್ ಬರೋ ಮೊದ್ಲೇ ಉಪ್ಪು ದಾಸ್ತಾನಿರ್ಬೇಕು. ಇಡೀ ಮೀನು 100 ಕೆಜಿ ಬಂದ್ರೆ ತಲೆ ಕರುಳು ಹೋಗಿ ಹೆಚ್ಚೂಕಮ್ಮಿ 65 ಕೆಜಿ ಉಳಿಯತ್ತೆ, ಅದಕ್ಕೆ 20 ಕೆಜಿ ಉಪ್ಪು, ಕೊನೆಗೆ ಕೈಗೆ ಸಿಗೋ ಉಪ್ಪುಮೀನು 30 ಕೆಜಿ ಆಸುಪಾಸು. ಈ ಲೆಕ್ಕ ಗುಂಪಿಗೆಲ್ಲ ಗೊತ್ತಿದ್ರೆ ಎಷ್ಟು ಹಿಡೀಬೇಕು, ಎಲ್ಲಿ ನಿಲ್ಲಿಸ್ಬೇಕು ಅನ್ನೋದೂ ಗೊತ್ತಾಗತ್ತೆ.

ಕಲ್ಲುಪ್ಪನ್ನ ಸ್ವಲ್ಪ ಕುಟ್ಟಿ ರವೆಗಿಂತ ದಪ್ಪ ಇರೋ ಹಾಗೆ ಮಾಡ್ಕೊಳ್ಳಿ. ತೀರಾ ನುಣ್ಣನೆ ಪುಡಿ ಉಪ್ಪು ಮೇಲ್ಮೈಯ ನೀರನ್ನ ಒಂದೇ ಸಲ ಎಳೆದು ಅಲ್ಲಿ ಮಾಂಸ ಗಟ್ಟಿ ಮಾಡಿಬಿಡತ್ತೆ, ಒಳಗೆ ಉಪ್ಪು ಹೋಗಲ್ಲ. ಕಹಿ ಉಪ್ಪು, ಗಾಳಿಗೆ ಬೇಗ ಒದ್ದೆ ಆಗೋ ಉಪ್ಪು ಅಂದ್ರೆ ಅದರಲ್ಲಿ ಮೆಗ್ನೀಷಿಯಂ ಜಾಸ್ತಿ, ಮೀನು ಒಣಗೋದೂ ನಿಧಾನ. ಒಂದ್ಸಲ ಮೀನಿಗೆ ಹಾಕಿದ ಉಪ್ಪನ್ನ ಮತ್ತೆ ಬಳಸ್ಬೇಡಿ, ಉಪ್ಪಲ್ಲೇ ಬದುಕೋ ಕೆಂಪು ಬ್ಯಾಕ್ಟೀರಿಯಾ ಇದೆ, ಮುಂದಿನ ರಾಶಿಯೆಲ್ಲ ಗುಲಾಬಿ ಬಣ್ಣಕ್ಕೆ ತಿರುಗತ್ತೆ.

ಪಾತ್ರೆ ಮರದ್ದು, ಮಣ್ಣಿಂದು ಅಥವಾ ಆಹಾರಕ್ಕೆ ಅಂತಾನೇ ಇರೋ ಪ್ಲಾಸ್ಟಿಕ್ ಡ್ರಮ್. ಕಬ್ಬಿಣ, ಅಲ್ಯೂಮಿನಿಯಂ, ತಾಮ್ರ ಬೇಡವೇ ಬೇಡ. ತಳಕ್ಕೆ ಒಂದು ಬೆರಳು ಉಪ್ಪು, ಮೇಲೆ ಚರ್ಮ ಕೆಳಗೆ ಬರೋ ಹಾಗೆ ಮೀನು, ಉಪ್ಪು, ಮತ್ತೆ ಮೀನು, ಹೀಗೆ ಪದರ ಪದರ, ಎಲ್ಲಕ್ಕಿಂತ ಮೇಲಿನ ಪದರ ಮಾತ್ರ ಚರ್ಮ ಮೇಲೆ. ಗೀರಿನೊಳಗೆ, ತಲೆ ಇದ್ರೆ ಕಿವಿರಿನೊಳಗೆ ಕೈಯಿಂದ ಉಪ್ಪು ತುರುಕಿ.

ಇಲ್ಲಿಂದ ಎರಡು ದಾರಿ. ಕೊಬ್ಬಿಲ್ಲದ ಮೀನಾದ್ರೆ ತಳದಲ್ಲಿ ತೂತಿರೋ ಬುಟ್ಟಿ ಅಥವಾ ಇಳಿಜಾರು ಹಲಗೆ ಮೇಲೆ ಪೇರಿಸಿ, ಬಿಟ್ಕೊಂಡ ನೀರೆಲ್ಲ ಹರಿದು ಹೋಗ್ಲಿ. ಕೊಬ್ಬಿರೋದಾದ್ರೆ ತೂತಿಲ್ಲದ ಪಾತ್ರೆ, ಮೀನು ಬಿಟ್ಟ ನೀರಲ್ಲೇ ಅದು ಮುಳುಗ್ಬೇಕು, ಮೇಲೆ ಹಲಗೆ, ಹಲಗೆ ಮೇಲೆ ಕಲ್ಲು. ಗಾಳಿ ತಾಗದೆ ಇರೋದ್ರಿಂದ ಕಮಟು ಹಿಡಿಯಲ್ಲ. ಒಂದು ದಿನದಲ್ಲಿ ಮುಳುಗೋಷ್ಟು ನೀರು ಬರ್ಲಿಲ್ಲಾಂದ್ರೆ ನೀವೇ ಉಪ್ಪುನೀರು ಮಾಡಿ ಸುರೀರಿ. ಇದಕ್ಕೆ ಮೊಟ್ಟೆ ತೇಲಿದ್ರೆ ಸಾಕು ಅನ್ನೋ ಮಾತು ಎಲ್ಲೆಲ್ಲೂ ಓಡಾಡ್ತಿರತ್ತೆ, ಅದನ್ನ ಮಾತ್ರ ನಂಬ್ಬೇಡಿ. ನೂರಕ್ಕೆ 10-12 ಭಾಗ ಉಪ್ಪಿದ್ರೇ ಮೊಟ್ಟೆ ತೇಲತ್ತೆ, ನಮಗೆ ಬೇಕಾಗಿರೋದು 26 ಭಾಗ, ಅಂದ್ರೆ ಲೀಟರ್ ನೀರಿಗೆ ಸುಮಾರು 360 ಗ್ರಾಂ. ಎಷ್ಟು ಕಲಸಿದ್ರೂ ತಳದಲ್ಲಿ ಸ್ವಲ್ಪ ಉಪ್ಪು ಕರಗದೆ ಉಳೀಬೇಕು, ಅದೇ ಟೆಸ್ಟ್.

ಎಷ್ಟು ದಿನ? ಚಿಕ್ಕ ಮೀನಿಗೆ ಒಂದೆರಡು ದಿನ, ಅರ್ಧ ಕೆಜಿಯ ಸೀಳಿದ ಮೀನಿಗೆ ಮೂರರಿಂದ ಐದು ದಿನ, ದಪ್ಪ ದೊಡ್ಡದಕ್ಕೆ ಎರಡು ಮೂರು ವಾರನೂ ಆಗತ್ತೆ. ಅತೀ ದಪ್ಪ ಜಾಗದಲ್ಲಿ ಕೊಯ್ದು ನೋಡಿ, ಒಳಗೆ ಹಸಿ ಮೀನಿನ ಗಾಜಿನಂಥ ಹೊಳಪು ಕಂಡ್ರೆ ಇನ್ನೂ ಆಗಿಲ್ಲ, ಬಿಳಿಚ್ಕೊಂಡು ಬಿಗಿಯಾಗಿದ್ರೆ ಆಗಿದೆ.

ಹಂತ 4: ಒಣಗಿಸೋದು, ಬಿಸಿಲಿಗಿಂತ ಗಾಳಿ ಮುಖ್ಯ

ಒಣಗಿಸೋದು ಅಂದ ತಕ್ಷಣ ಎಲ್ರೂ ಸುಡುಬಿಸಿಲು ಹುಡುಕ್ತಾರೆ. ನನ್ನ ಪ್ರಕಾರ ಬಿಸಿಲಿಗೆ ಇರೋ ಹೆಸರು ಜಾಸ್ತಿ ಆಯ್ತು, ನಿಜವಾದ ಕೆಲಸ ಮಾಡೋದು ಗಾಳಿ. ನಾರ್ವೆಯ ಲೋಫೋಟೆನ್ ದ್ವೀಪಗಳಲ್ಲಿ ಕಾಡ್ ಮೀನನ್ನ ಒಂದು ಕಾಳು ಉಪ್ಪೂ ಹಾಕದೆ ಫೆಬ್ರವರಿಯಿಂದ ಮೇ ತನಕ ಮರದ ಕಂಬಗಳ ಮೇಲೆ ಜೋಡಿ ಜೋಡಿಯಾಗಿ ನೇತುಹಾಕ್ತಾರೆ, ಸೊನ್ನೆ ಡಿಗ್ರಿಯ ಆಚೀಚೆ ಇರೋ ತಣ್ಣನೆ ಗಾಳಿಗೇ ಅದು ಕಟ್ಟಿಗೆ ತರ ಆಗತ್ತೆ, ವರ್ಷಗಟ್ಲೆ ಇರತ್ತೆ. ಅಲ್ಲಿ ಆ ಚಳಿಗೆ ನೊಣನೂ ಇಲ್ಲ, ಬ್ಯಾಕ್ಟೀರಿಯಾನೂ ಮಂಕು, ಅದಕ್ಕೇ ಉಪ್ಪಿಲ್ದೆ ನಡೆಯತ್ತೆ. ಸೆಕೆ ಇರೋ ಕಡೆ ಇದನ್ನ ಕಾಪಿ ಹೊಡಿಯೋಕೆ ಹೋಗ್ಬೇಡಿ, ಅಲ್ಲಿ ಉಪ್ಪಿಲ್ದೆ ಒಣಗಿಸೋಕೆ ಆಗೋದು ಬೆರಳುದ್ದದ ಚಿಕ್ಕ ಮೀನು ಮಾತ್ರ, ಅದೂ ಒಂದೆರಡು ದಿನದಲ್ಲಿ ಗರಿಗರಿ ಆದ್ರೆ.

ಉಪ್ಪಿಂದ ತೆಗೆದ ಮೀನನ್ನ ಗಟ್ಟಿ ಉಪ್ಪುನೀರಲ್ಲೇ ಒಂದ್ಸಲ ಅದ್ದಿ ಮೇಲಿನ ಹರಳು ತೊಳೆದು, ಎರಡು ಹಲಗೆ ಮಧ್ಯ ಒಂದು ರಾತ್ರಿ ಭಾರ ಇಟ್ಟು ನೀರು ಹಿಂಡಿ. ನೆಲದಿಂದ ಒಂದು ಮೀಟರ್ ಎತ್ತರಕ್ಕೆ ಕಂಬ ನೆಟ್ಟು ಮೇಲೆ ಬಿದಿರಿನ ತಟ್ಟಿನೋ ಹಳೇ ಬಲೆನೋ ಕಟ್ಟಿ, ಕೆಳಗಿಂದನೂ ಗಾಳಿ ಆಡ್ಬೇಕು, ಮರಳ ಮೇಲೆ ನೆಲದ ಮೇಲೆ ಹರಡಿದ್ರೆ ಮಣ್ಣು, ಹುಳ, ಕೊಳೆ ಮೂರೂ ಫ್ರೀ. ಕಂಬದ ಬುಡಕ್ಕೆ ಬೂದಿ ಸುರಿದ್ರೆ ಇರುವೆ ಹತ್ತೋದು ಕಮ್ಮಿ ಆಗತ್ತೆ. ನೊಣಕ್ಕೆ ಸೊಳ್ಳೆಪರದೆ ಬಟ್ಟೆ ಕಟ್ಟಿ, ಅದು ಮೀನಿಗೆ ತಾಗ್ದಂಗೆ ಮೇಲಕ್ಕೆತ್ತಿ ಕಟ್ಬೇಕು, ತಾಗಿದ್ರೆ ಪರದೆ ಆಚೆ ಕೂತೇ ಮೊಟ್ಟೆ ಇಡತ್ತೆ.

ಮೊದಲ ದಿನ ನೆರಳು ಮತ್ತೆ ಗಾಳಿ. ಯಾಕಂದ್ರೆ ಸುಡುಬಿಸಿಲಿಗೆ ಹಾಕಿದ್ರೆ ಮೇಲ್ಪದರ ಬೇಗ ಒಣಗಿ ಗಟ್ಟಿ ಕವಚ ಆಗತ್ತೆ, ಒಳಗಿನ ನೀರಿಗೆ ಹೊರಗೆ ಬರೋ ದಾರಿನೇ ಇಲ್ಲ, ಹೊರಗಿಂದ ನೋಡೋಕೆ ಒಣಮೀನು, ಮುರಿದ್ರೆ ಒಳಗೆ ಗಬ್ಬು. ಅದೂ ಅಲ್ದೆ ಮೀನಿನ ಮೈ ಬಿಸಿ 40 ಡಿಗ್ರಿ ದಾಟೋಕೆ ಬಿಟ್ರೆ ಅದು ಒಣಗಲ್ಲ, ಬೇಯತ್ತೆ, ಪುಡಿ ಪುಡಿ ಉದುರತ್ತೆ. ಎರಡನೇ ದಿನದಿಂದ ಬೆಳಗ್ಗೆ ಸಂಜೆಯ ಬಿಸಿಲು ಕೊಡಿ, ನಡು ಮಧ್ಯಾಹ್ನ ನೆರಳು ಮಾಡಿ, ದಿನಕ್ಕೆ ಮೂರ್ನಾಲ್ಕು ಸಲ ತಿರುವಿ ಹಾಕಿ.

ಸಂಜೆ ಇಬ್ಬನಿ ಬೀಳೋ ಮುಂಚೆ ಒಳಗೆ ತಂದು ಒಂದರ ಮೇಲೊಂದು ಪೇರಿಸಿ ಭಾರ ಇಡಿ. ರಾತ್ರಿ ಪೂರ್ತಿ ಒಳಗಿನ ತೇವ ಮೇಲಕ್ಕೆ ಬರತ್ತೆ, ಬೆಳಗ್ಗೆ ಮುಟ್ಟಿದ್ರೆ ಮತ್ತೆ ಒದ್ದೆ ಅನ್ಸತ್ತೆ, ಗಾಬರಿ ಬೇಡ, ಅದೇ ಆಗ್ಬೇಕಾಗಿರೋದು. ಮತ್ತೆ ಒಣಗಿಸಿ. ದಪ್ಪ ಮೀನಿಗೆ ಈ ಪೇರಿಸೋದು ಹರಡೋದು ವಾರಗಟ್ಲೆ ನಡೀಬಹುದು.

ಸಾಕಾಯ್ತಾ ಅಂತ ನೋಡೋಕೆ ದಪ್ಪ ಜಾಗದಲ್ಲಿ ಹೆಬ್ಬೆಟ್ಟು ಒತ್ತಿ, ಗುಳಿ ಬೀಳ್ಬಾರ್ದು. ಇನ್ನೂ ಖಾತ್ರಿ ಬೇಕಾದ್ರೆ ಒಂದು ಮೀನಿಗೆ ದಾರ ಕಟ್ಟಿ ಗುರುತು ಮಾಡಿ ದಿನಾ ತೂಗಿ, ಎರಡು ದಿನ ತೂಕ ಇಳೀಲಿಲ್ಲಾಂದ್ರೆ ಮುಗೀತು. ಉಪ್ಪಿಲ್ಲದ ಚಿಕ್ಕ ಮೀನಿಗೆ ಲೆಕ್ಕ ಇನ್ನೂ ಸುಲಭ, ಒಂದು ಕೆಜಿ ಹಸಿ ಮಾಂಸದಲ್ಲಿ ಗಟ್ಟಿ ಪದಾರ್ಥ ಇರೋದೇ 200 ಗ್ರಾಂ, ಹಾಗಾಗಿ ಅದು 235-240 ಗ್ರಾಮಿಗೆ ಇಳಿದ್ರೆ ಒಳಗೆ ನೀರು ನೂರಕ್ಕೆ 15ರಷ್ಟು ಉಳಿದಿದೆ ಅಂತ ಅರ್ಥ, ಅಷ್ಟಾದ್ರೆ ಬೂಷ್ಟು ಬರಲ್ಲ.

ಮಳೆ ದಿನ ಈ ಕೆಲಸಕ್ಕೆ ಕೈ ಹಾಕ್ಬೇಡಿ. ಗಾಳಿಯ ತೇವ ನೂರಕ್ಕೆ 75 ದಾಟಿದ್ರೆ ಉಪ್ಪೇ ಗಾಳಿಯಿಂದ ನೀರು ಕುಡಿಯೋಕೆ ಶುರು ಮಾಡತ್ತೆ, ಮೀನು ಒಣಗೋ ಬದ್ಲು ನೆನೆಯತ್ತೆ. ಆವಾಗ ಉಪ್ಪುನೀರಲ್ಲೇ ಬಿಟ್ಟಿರಿ, ಇಲ್ಲಾ ಹೊಗೆಗೆ ಹೋಗಿ.

ಹಂತ 5: ಹೊಗೆ

ಹೊಗೆ ಮೂರು ಕೆಲಸ ಮಾಡತ್ತೆ, ಬೆಂಕಿ ಬಿಸಿ ಒಣಗಿಸತ್ತೆ, ಹೊಗೆಯಲ್ಲಿರೋ ಫೀನಾಲ್ ತರದ ವಸ್ತುಗಳು ಮೇಲ್ಮೈಯ ಬ್ಯಾಕ್ಟೀರಿಯಾ ತಡೆಯತ್ತೆ, ಕೊಬ್ಬು ಕಮಟು ಹಿಡಿಯೋದನ್ನೂ ನಿಧಾನ ಮಾಡತ್ತೆ. ಕೊಬ್ಬಿನ ಮೀನಿಗೆ ಹೊಗೆ ಒಗ್ಗೋದು ಈ ಮೂರನೇ ಕಾರಣಕ್ಕೆ.

ಗಟ್ಟಿ ಮರದ ಕಟ್ಟಿಗೆ, ತೊಗಟೆ ತೆಗೆದದ್ದು, ಇಲ್ಲಾ ತೆಂಗಿನ ಸಿಪ್ಪೆ ಚಿಪ್ಪು ನಡೆಯತ್ತೆ. ಪೈನ್ ತರ ರಾಳ ಇರೋ ಮರ ಬೇಡ, ಮೀನು ಕಪ್ಪಾಗಿ ಟರ್ಪೆಂಟೈನ್ ಕುಡಿದ ಹಾಗಿರತ್ತೆ. ಬಣ್ಣ ಬಳಿದ ಹಲಗೆ, ಪ್ಲೈವುಡ್ ಅಂತೂ ವಿಷಾನೇ.

ಗೂಡಿಗೆ ದೊಡ್ಡ ಖರ್ಚಿಲ್ಲ. ಎದೆ ಎತ್ತರದ ಮಣ್ಣಿನ ಗೋಡೆ, ಕೆಳಗೆ ಒಲೆ ಬಾಯಿ, ಮೇಲೆ ತಂತಿ ಜಾಲರಿಯ ಮರದ ಚೌಕಟ್ಟುಗಳು. 1969ರಲ್ಲಿ ಘಾನಾದ ಚೋರ್ಕೋರ್ ಅನ್ನೋ ಕಡೆ ಬಳಕೆಗೆ ಬಂದ ಒಲೆ ಇದೇ ತರದ್ದು, ಒಂದೇ ಬೆಂಕಿ ಮೇಲೆ ತಟ್ಟೆಗಳನ್ನ ಒಂದರ ಮೇಲೊಂದು ಪೇರಿಸ್ತಾರೆ, ತಟ್ಟೆಗಳೇ ಚಿಮಣಿ ಆಗಿಬಿಡತ್ತೆ, ಕಟ್ಟಿಗೆ ತುಂಬಾ ಉಳಿಯತ್ತೆ, ಮಧ್ಯೆ ಮಧ್ಯೆ ಮೇಲಿನದ್ದು ಕೆಳಗೆ ಕೆಳಗಿನದ್ದು ಮೇಲೆ ಬದಲಾಯಿಸ್ತಾ ಹೋದ್ರಾಯ್ತು. ಗುಂಪಿಗೆ ಒಂದು ಕಟ್ಟಿದ್ರೆ ಸಾಕು, ಮನೆಗೊಂದು ಬೇಡ.

ಕ್ರಮ ಹೀಗೆ: ಲೀಟರಿಗೆ ಇನ್ನೂರು ಗ್ರಾಂ ಉಪ್ಪಿನ ನೀರಲ್ಲಿ ಅರ್ಧದಿಂದ ಒಂದು ಗಂಟೆ ನೆನೆಸಿ, ತೆಗೆದು ಗಾಳಿಗೆ ನೇತುಹಾಕಿ ಮೇಲ್ಮೈ ಅಂಟಂಟಾಗಿ ಹೊಳೆಯೋ ತನಕ ಬಿಡಿ (ಒದ್ದೆ ಮೀನಿಗೆ ಹೊಗೆ ಕೊಟ್ರೆ ಕಪ್ಪು ಮಸಿ ಇಳಿಯತ್ತೆ ಅಷ್ಟೇ), ಆಮೇಲೆ ಮೊದಲ ಒಂದೆರಡು ಗಂಟೆ ಸಣ್ಣ ಬಿಸಿ, ಕೈ ಇಟ್ರೆ ಬೆಚ್ಚಗೆ ಅನ್ನಿಸೋಷ್ಟು, ನಿಧಾನಕ್ಕೆ ಏರಿಸ್ತಾ 70-80 ಡಿಗ್ರಿಗೆ ತನ್ನಿ, ಮಾಂಸದ ನಡುಭಾಗ 63 ಡಿಗ್ರಿ ದಾಟಿ ಅರ್ಧ ಗಂಟೆ ಇರ್ಲಿ. ಥರ್ಮಾಮೀಟರ್ ಇಲ್ಲಾಂದ್ರೆ ನಡುಮುಳ್ಳಿಂದ ಮಾಂಸ ತಾನಾಗೇ ಬಿಡ್ತಾ ಅಂತ ನೋಡಿ. ಉರಿ ಏಳ್ಬಾರ್ದು, ಕೊಬ್ಬು ಉರಿಗೆ ತೊಟ್ಟಿಕ್ಕಿ ಬರೋ ಹೊಗೆ ಆರೋಗ್ಯಕ್ಕೆ ಒಳ್ಳೇದಲ್ಲ, ಒದ್ದೆ ಮರದ ಹೊಟ್ಟು ಹಾಕಿ ತಣಿಸಿ.

ಇಷ್ಟಕ್ಕೆ ನಿಲ್ಲಿಸಿದ್ರೆ ಮೀನು ಮೆತ್ತಗೆ ರುಚಿಯಾಗಿರತ್ತೆ ಆದ್ರೆ ಎರಡು ಮೂರು ದಿನದಲ್ಲಿ ತಿಂದು ಮುಗಿಸ್ಬೇಕು, ಸೆಕೆ ಜಾಸ್ತಿ ಇದ್ರೆ ಮಾರನೇ ದಿನವೇ. ತಿಂಗಳುಗಟ್ಲೆ ಬೇಕಂದ್ರೆ ಕಮ್ಮಿ ಬಿಸಿಯ ಹೊಗೆಯಲ್ಲೇ ಇನ್ನೂ ಎರಡು ಮೂರು ದಿನ ಬಿಟ್ಟು ಬಡಿದ್ರೆ ಟಕಟಕ ಅನ್ನೋ ಹಾಗೆ ಒಣಗಿಸ್ಬೇಕು. ಮಾಲ್ಡೀವ್ಸಿನವರು ಟ್ಯೂನಾವನ್ನ ಮೊದಲು ಬೇಯಿಸಿ, ಆಮೇಲೆ ಹೊಗೆ ಹಾಕಿ, ಆಮೇಲೆ ಬಿಸಿಲಲ್ಲಿ ಒಣಗಿಸ್ತಾರೆ, ಮರದ ತುಂಡಿನಷ್ಟು ಗಟ್ಟಿ. ಮೊದಲು ಬೇಯಿಸೋ ಉಪಾಯ ನನಗೆ ತುಂಬಾ ಇಷ್ಟ, ಕೊಬ್ಬೂ ನೀರೂ ಒಟ್ಟಿಗೆ ಹೋಗತ್ತೆ.

30 ಡಿಗ್ರಿ ಒಳಗಿನ ತಣ್ಣನೆ ಹೊಗೆ ವಿಧಾನನೂ ಇದೆ. ಅದರಲ್ಲಿ ಮೀನು ಬೇಯಲ್ಲ, ಒಳಗಿನ ಹುಳಗಳೂ ಸಾಯಲ್ಲ, ಅದನ್ನ ಹಾಗೇ ತಿನ್ಬೇಡಿ, ಬೇಯಿಸಿ ತಿನ್ನಿ.

ಹುಳಿ ಬರಿಸೋದರ ಬಗ್ಗೆ ಎರಡು ಮಾತು

ವಿಯೆಟ್ನಾಮಿನ ಮೀನಿನ ರಸ ಮೂರು ಭಾಗ ಸಣ್ಣ ಮೀನು, ಒಂದು ಭಾಗ ಉಪ್ಪು, ವರ್ಷದ ಹತ್ರ ಪೀಪಾಯಿಯಲ್ಲಿ, ಅಷ್ಟೇ. ರೋಮನ್ನರ ಕಾಲದ ಮೀನಿನ ರಸನೂ ಹೆಚ್ಚೂಕಮ್ಮಿ ಇದೇ ಉಪ್ಪು-ಮೀನಿನ ಕೆಲಸ, ಸ್ಪೇನಿನ ಬಾಯಲೋ ಕ್ಲಾಡಿಯಾದಲ್ಲಿ ಅವರ ಮೀನು ಉಪ್ಪುಹಾಕೋ ತೊಟ್ಟಿಗಳು ಈಗ್ಲೂ ಕಾಣತ್ತೆ. ಮಾಡೋದಿದ್ರೆ ಉಪ್ಪು ಇದಕ್ಕಿಂತ ಒಂದು ಹಿಡಿನೂ ಕಮ್ಮಿ ಮಾಡ್ಬೇಡಿ. ಅಲಾಸ್ಕಾದಲ್ಲಿ ಮೊದಲು ಹುಲ್ಲು ಹಾಸಿದ ತಣ್ಣನೆ ಗುಂಡಿಯಲ್ಲಿ ಮೀನಿನ ತಲೆ ಹುಳಿ ಬರಿಸ್ತಿದ್ರು, ಆಮೇಲೆ ಅದನ್ನೇ ಪ್ಲಾಸ್ಟಿಕ್ ಡಬ್ಬಿಯಲ್ಲಿ ಮುಚ್ಚಿ ಬೆಚ್ಚಗಿನ ಜಾಗದಲ್ಲಿ ಮಾಡೋಕೆ ಶುರು ಮಾಡಿದ್ಮೇಲೆ ಬಾಟ್ಯುಲಿಸಂ (ಒಂದು ಬ್ಯಾಕ್ಟೀರಿಯಾ ಬಿಡೋ ವಿಷದಿಂದ ಬರೋ, ಪ್ರಾಣಕ್ಕೇ ಕುತ್ತು ತರೋ ಕಾಯಿಲೆ) ಕೇಸು ಹೆಚ್ಚಾಯ್ತು. ಕಮ್ಮಿ ಉಪ್ಪು, ಗಾಳಿ ಇಲ್ಲ, ಬೆಚ್ಚಗೆ, ಈ ಮೂರು ಸೇರಿದ್ರೆ ಆ ಬ್ಯಾಕ್ಟೀರಿಯಾ ಬೆಳೆಯತ್ತೆ. ಹೊಸದಾಗಿ ಶುರು ಮಾಡೋರು ಇದನ್ನ ಬಿಟ್ಟುಬಿಡಿ ಅಂತ್ಲೇ ನಾನು ಹೇಳೋದು.

ಇಡೋದು

ಒಣಗಿದ್ದು ಪೂರ್ತಿ ತಣ್ಣಗಾದ್ಮೇಲೆ ಕಾಗದನೋ ಒಣ ಎಲೆನೋ ಸುತ್ತಿ ಬುಟ್ಟಿಗೆ ಹಾಕಿ ಅಡುಗೆ ಒಲೆ ಮೇಲಿನ ಅಟ್ಟಕ್ಕೆ ಏರಿಸಿ, ದಿನಾ ಸ್ವಲ್ಪ ಹೊಗೆ ಬಿಸಿ ತಾಗ್ತಾ ಇದ್ರೆ ಹುಳ ಬರೋದು ಕಮ್ಮಿ. ಹದಿನೈದು ದಿನಕ್ಕೊಮ್ಮೆ ಎಲ್ಲ ಇಳಿಸಿ ನೋಡ್ಲೇಬೇಕು. ಸಣ್ಣ ಕಪ್ಪು ಜೀರುಂಡೆ, ರೋಮ ಇರೋ ಮರಿಹುಳ ಕಂಡ್ರೆ ಕೊಡವಿ ಮತ್ತೆ ಬಿಸಿಲಿಗೆ ಹಾಕಿ. ಗುಲಾಬಿ ಬಣ್ಣ, ಲೋಳೆ, ಹಸಿರು ಕಪ್ಪು ಬೂಷ್ಟು ಕಂಡ್ರೆ ಗೊಬ್ಬರಕ್ಕೆ, ಚೌಕಾಸಿ ಬೇಡ. ಪ್ರತಿ ಬುಟ್ಟಿಗೂ ಯಾವ ದಿನದ್ದು ಅಂತ ಒಂದು ಚೀಟಿ ಕಟ್ಟಿ, ಹಳೇದು ಮೊದಲು ಖಾಲಿ ಆಗ್ಲಿ, ಹತ್ತು ಮನೆಯವರು ಕೈ ಹಾಕೋ ಅಟ್ಟದಲ್ಲಿ ಇದೊಂದೇ ಜಗಳ ತಪ್ಪಿಸತ್ತೆ.

ಇಟ್ಟ ಮೀನನ್ನ ಬೇಯಿಸೋದು

ಉಪ್ಪುಮೀನನ್ನ ಮೊದಲು ನೆನೆಸಿ, ತೆಳ್ಳಗಿದ್ರೆ ಅರ್ಧ ದಿನ, ದಪ್ಪ ಇದ್ರೆ ಒಂದು ಒಂದೂವರೆ ದಿನ, ನಾಲ್ಕೈದು ಸಲ ನೀರು ಬದಲಿಸಿ. ಚರ್ಮ ಮೇಲೆ ಮಾಡಿ ಇಟ್ರೆ ಉಪ್ಪು ಕೆಳಗಿಳಿಯತ್ತೆ, ಚರ್ಮ ಕೆಳಗಿದ್ರೆ ಅಲ್ಲೇ ಕೂತಿರತ್ತೆ. ನೆನೀತಿರೋ ಮೀನು ಈಗ ಮತ್ತೆ ಹಸಿ ಮೀನೇ ಅಂತ ನೆನಪಿರ್ಲಿ, ತಣ್ಣನೆ ಜಾಗದಲ್ಲೇ ಇಡಿ, ಹರಿಯೋ ತಣ್ಣೀರಲ್ಲಿ ಬುಟ್ಟಿ ಕಟ್ಟಿ ಬಿಟ್ರೆ ಇನ್ನೂ ಒಳ್ಳೇದು. ಲೋಫೋಟೆನ್ ತರದ ಉಪ್ಪಿಲ್ಲದ ಕಟ್ಟಿಗೆ ಮೀನಿಗೆ ಐದರಿಂದ ಏಳು ದಿನ ಬೇಕು. ನೆನೆದದ್ದನ್ನ ಜೋರಾಗಿ ಕುದಿಸ್ಬೇಡಿ, ರಬ್ಬರ್ ಆಗತ್ತೆ, ಸಣ್ಣ ಉರಿಯಲ್ಲಿ ಗೆಡ್ಡೆಗಳ ಜೊತೆ ಬೇಯಲಿ, ಗೆಡ್ಡೆ ಉಳಿದ ಉಪ್ಪನ್ನ ಎಳ್ಕೊಳ್ಳತ್ತೆ, ಪಾತ್ರೆಗೆ ಬೇರೆ ಉಪ್ಪು ಹಾಕೋಕೆ ಹೋಗ್ಬೇಡಿ.

ಚಿಕ್ಕ ಒಣಮೀನಿಗೆ ನೆನೆಸೋ ಕೆಲಸ ಇಲ್ಲ. ಎಣ್ಣೆ ಇಲ್ದೆ ಬಾಣಲೆಯಲ್ಲಿ ಘಮ ಬರೋ ತನಕ ಹುರಿದು ಹಾಗೇ ತಿನ್ನಿ, ಇಲ್ಲಾ ಕುಟ್ಟಿ ಪುಡಿ ಮಾಡಿಟ್ರೆ ಯಾವ ಗಂಜಿಗಾದ್ರೂ ಒಂದು ಚಮಚ ಸಾಕು, ಮುಳ್ಳಿನ ಸುಣ್ಣದ ಅಂಶನೂ ಹೊಟ್ಟೆಗೆ ಹೋಗತ್ತೆ. ಹೊಗೆಗೆ ಒಣಗಿದ್ದನ್ನ ಮುರಿದು ಸೀದಾ ಸಾರಿಗೆ ಹಾಕಿ, ಬೇರೆ ಮಸಾಲೆನೇ ಕೇಳಲ್ಲ.

ಅವತ್ತೇ ತಿನ್ನೋ ತಾಜಾ ಮೀನಿಗೆ ಪಾತ್ರೆನೂ ಬೇಕಾಗಿಲ್ಲ. ಹುರುಪೆ ತೆಗೀದೆ ಹೊಟ್ಟೆ ಮಾತ್ರ ಕ್ಲೀನ್ ಮಾಡಿ, ಎಲೆ ಸುತ್ತಿ ಇಲ್ಲಾ ಹಾಗೇ, ಒಂದು ಬೆರಳು ದಪ್ಪ ಜೇಡಿಮಣ್ಣು ಮೆತ್ತಿ ಕೆಂಡದಲ್ಲಿ ಹೂತಿಡಿ, ಅರ್ಧ ಮುಕ್ಕಾಲು ಗಂಟೆಗೆ ಮಣ್ಣು ಒಡೆದ್ರೆ ಚರ್ಮ ಹುರುಪೆ ಎಲ್ಲ ಮಣ್ಣಿಗೇ ಅಂಟ್ಕೊಂಡು ಬರತ್ತೆ. ಇಡೀ ಗುಂಪಿಗೆ ಒಟ್ಟಿಗೆ ಬೇಕಾದ್ರೆ ನ್ಯೂಜಿಲೆಂಡಿನ ಮಾವೊರಿ ಜನ ಹಾಂಗಿ ಅಂತ ಮಾಡ್ತಾರಲ್ಲ, ಆ ತರ ನೆಲದ ಒಲೆ: ಮೊಣಕಾಲುದ್ದದ ಗುಂಡಿ, ಎರಡು ಗಂಟೆ ಜೋರು ಬೆಂಕಿಯಲ್ಲಿ ಕಲ್ಲು ಕಾಯಿಸಿ, ಕೆಂಡ ತೆಗೆದು, ಕಲ್ಲಿನ ಮೇಲೆ ಹಸಿ ಎಲೆ, ಎಲೆ ಮೇಲೆ ಸುತ್ತಿದ ಮೀನು, ಮತ್ತೆ ಎಲೆ, ಒದ್ದೆ ಬಟ್ಟೆ, ಮೇಲೆ ಮಣ್ಣು, ಹಬೆ ಎಲ್ಲೂ ಹೊರಗೆ ಬರ್ಬಾರ್ದು. ಮೀನಿಗೆ ಒಂದರಿಂದ ಒಂದೂವರೆ ಗಂಟೆ, ಜೊತೆಗೆ ಗೆಡ್ಡೆ ಇದ್ರೆ ಗೆಡ್ಡೆನ ಗಂಟೆ ಮೊದ್ಲೇ ಇಡಿ. ಕಲ್ಲನ್ನ ಮಾತ್ರ ಹೊಳೆಯಿಂದ ತರ್ಬೇಡಿ, ಒಳಗೆ ಕೂತ ನೀರು ಆವಿಯಾಗಿ ಕಲ್ಲು ಸಿಡಿಯತ್ತೆ, ವರ್ಷಗಟ್ಲೆ ಒಣ ಜಾಗದಲ್ಲಿ ಬಿದ್ದಿರೋ ಬಿರುಕಿಲ್ಲದ ಗಟ್ಟಿ ಕಲ್ಲು ಹುಡುಕಿ, ಮೊದಲ ಸಲ ಕಾಯಿಸೋವಾಗ ಮಕ್ಕಳನ್ನ ದೂರ ನಿಲ್ಲಿಸಿ.